ಆಟೋ ಮೇಲಿನ ಫೋಟೋ ಸಾಕು, ಶಂಕರಣ್ಣನ ಕೆಲಸ ಎಲ್ಲಿ?

ಕನ್ನಡದ ಹುಡುಗರೇ, ಹುಡುಗಿಯರೇ,

ಹೋದ ವರ್ಷ ಅಕ್ಟೋಬರ್ ಕೊನೆಯ ವಾರ. ಬಮ್ಮಿಗಟ್ಟಿಯ ನನ್ನ ಸಣ್ಣ ಪ್ರೆಸ್ಸಿಗೆ ನಾಲ್ಕು ಜನ ಹುಡುಗರು ಬಂದರು. ನಮ್ಮೂರಿನವರೇ. ಈಗ ಇಬ್ಬರು ಹುಬ್ಬಳ್ಳಿಯಲ್ಲಿ, ಇಬ್ಬರು ಬೆಂಗಳೂರಿನಲ್ಲಿ ದುಡಿಯುತ್ತಾರೆ. ಕೊರಳಲ್ಲಿ ಹಳದಿ-ಕೆಂಪು ಶಾಲು. ಕೈಯಲ್ಲಿ ಮೊಬೈಲು, ಮೊಬೈಲಿನಲ್ಲಿ ಶಂಕರ್‌ನಾಗ್ ಫೋಟೋ.

"ಅಣ್ಣಾರ, ನವೆಂಬರ್ 9ಕ್ಕ ಶಂಕ್ರಣ್ಣನ ಹುಟ್ಟುಹಬ್ಬ ಐತ್ರಿ. ಐದನೂರು ಪೋಸ್ಟರ್ ಬೇಕ್ರಿ. ಬಣ್ಣ ಜೋರ್ ಇರ್ಲಿ."

"ಆತು ಹಾಕೂಣು. ಶಂಕರ್‌ನಾಗ್ ಡೈರೆಕ್ಷನ್ ಮಾಡಿದ ಸಿನಿಮಾ ಯಾವ್ಯಾವ ನೋಡೀರಿ?" ಎಂದು ಕೇಳಿದೆ.

ಒಬ್ಬ ಹೇಳಿದ, "ಆಟೋ ರಾಜ." ಇನ್ನೊಬ್ಬ ಹೇಳಿದ, "ಸಾಂಗ್ಲಿಯಾನ." ಉಳಿದಿಬ್ಬರು ನಕ್ಕರು.

ಇವೆರಡರಲ್ಲೂ ಶಂಕರ್‌ನಾಗ್ ನಟ ಮಾತ್ರ. ನಿರ್ದೇಶನ ಬೇರೆಯವರದು. ಅವರು ಬರೆದುಕೊಂಡು ಬಂದಿದ್ದ ಚೀಟಿ ನೋಡಿದೆ. ಮೇಲೆ ದಪ್ಪ ಅಕ್ಷರದಲ್ಲಿ 'ಹುಟ್ಟುಹಬ್ಬದ ಶುಭಾಷಯಗಳು' ಎಂದಿತ್ತು. ಕನ್ನಡಕ್ಕಾಗಿ ಪ್ರಾಣ ಕೊಡುತ್ತೇವೆ ಎನ್ನುವವರ ಕೈಯಲ್ಲಿ 'ಶುಭಾಶಯ' ಕೂಡ ನೆಟ್ಟಗಿಲ್ಲ!

ನಾನೇನು ಮಾಡಿದೆ? ಕಾಗುಣಿತ ತಿದ್ದಿದೆ, ಪೋಸ್ಟರ್ ಹಾಕಿದೆ, ಹಣ ಎಣಿಸಿಕೊಂಡೆ. ಪ್ರತಿ ನವೆಂಬರಿನಲ್ಲಿ ಮಾಡುವ ಕೆಲಸವೇ ಅದು. ಆ ರಾತ್ರಿ ಮಾತ್ರ ನಿದ್ದೆ ಹತ್ತಲಿಲ್ಲ. ಶಂಕರ್‌ನಾಗ್ ಎಂಬ ಮನುಷ್ಯನನ್ನು ಒಂದು ಫೋಟೋ ಮಾಡಿ ಮುಗಿಸಿದವರಲ್ಲಿ ನಾನೂ ಒಬ್ಬ ಎಂಬುದು ಹೊಳೆಯಿತು. ಅದಕ್ಕೇ ಈ ಬರಹ. ನಾನು ಪಿಯುಸಿ ಓದಿದವನು, ಸಿನಿಮಾ ಪಂಡಿತನಲ್ಲ. ಅಕ್ಷರ ಜೋಡಿಸಿ ಅನ್ನ ತಿನ್ನುವವನು. ಆ ಅಧಿಕಾರದಿಂದಲೇ ನಿಮ್ಮನ್ನು ಕೇಳುತ್ತಿದ್ದೇನೆ, ಸಿಟ್ಟು ಬಂದರೆ ಬರಲಿ.

ಒಂದೇ ಮೊಳೆ, ಹತ್ತು ಕೆಲಸ

ನನ್ನ ಪ್ರೆಸ್ಸಿನ ಮೂಲೆಯಲ್ಲಿ ಅಪ್ಪನ ಕಾಲದ ಟ್ರೆಡಲ್ ಮಷೀನು ಇನ್ನೂ ನಿಂತಿದೆ. ಪಕ್ಕದಲ್ಲಿ ಸೀಸದ ಮೊಳೆಗಳ ಮರದ ಕೇಸು. ಅಪ್ಪ ಬೆಳಿಗ್ಗೆ ಅದೇ ಮೊಳೆ ಜೋಡಿಸಿ ಲಗ್ನಪತ್ರಿಕೆ ಮಾಡುತ್ತಿದ್ದರು. ಮಧ್ಯಾಹ್ನ ಅದೇ ಮೊಳೆಯಲ್ಲಿ ಸೊಸೈಟಿಯ ರಸೀದಿ ಪುಸ್ತಕ. ಸಂಜೆ ನಾಟಕದ ಹ್ಯಾಂಡ್‌ಬಿಲ್. ರಾತ್ರಿ ಯಾರಾದರೂ ತೀರಿಕೊಂಡರೆ ಅದೇ ಮೊಳೆಯಲ್ಲಿ ವೈಕುಂಠ ಸಮಾರಾಧನೆಯ ಕಾರ್ಡು. ಅಕ್ಷರ ಅವೇ, ಕೆಲಸ ಹತ್ತು. ಕೇಸಿನಲ್ಲಿ ಯಾವ ಮೊಳೆಗೆ ಕೆಲಸ ಸಿಗುವುದಿಲ್ಲವೋ ಅದರ ಮೇಲೆ ದೂಳು ಕೂರುತ್ತದೆ. ಆಮೇಲೆ ಬೇಕೆಂದರೂ ಕೈಗೆ ಸಿಗುವುದಿಲ್ಲ.

ಭಾಷೆಯ ಹಣೆಬರಹವೂ ಇದೇ. ಕನ್ನಡಕ್ಕೆ ಎಲ್ಲ ಕೆಲಸ ಕೊಟ್ಟರೆ ಕನ್ನಡ ಬದುಕುತ್ತದೆ. ಬರೀ ಜೈಕಾರದ ಕೆಲಸ ಕೊಟ್ಟರೆ ಜೈಕಾರವಷ್ಟೇ ಉಳಿಯುತ್ತದೆ.

ಈಗ ಶಂಕರ್‌ನಾಗ್ ಏನು ಮಾಡಿದರು ನೋಡಿ. 1954ರ ನವೆಂಬರ್ 9ರಂದು ಉತ್ತರ ಕನ್ನಡದ ಹೊನ್ನಾವರದ ಕಡೆ ಹುಟ್ಟಿದವರು. ಮುಂಬೈಗೆ ಹೋದರು, ಮರಾಠಿ ರಂಗಭೂಮಿಯಲ್ಲಿ ಪಳಗಿದರು. '22 ಜೂನ್ 1897' ಎಂಬ ಮರಾಠಿ ಚಿತ್ರದ ಚಿತ್ರಕಥೆಯಲ್ಲಿ ಅವರ ಕೈ ಇತ್ತು. ನಮ್ಮ ಧಾರವಾಡದ ಗಿರೀಶ್ ಕಾರ್ನಾಡರು 1978ರಲ್ಲಿ 'ಒಂದಾನೊಂದು ಕಾಲದಲ್ಲಿ' ಚಿತ್ರಕ್ಕೆ ಕರೆದು ಕೈಗೆ ಕತ್ತಿ ಕೊಟ್ಟರು. ಆ ಮೊದಲ ಪಾತ್ರಕ್ಕೇ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಬಂತು.

ಬೇರೆಯವರಾಗಿದ್ದರೆ ಅಲ್ಲಿಗೆ ನಿಲ್ಲುತ್ತಿದ್ದರು. ಇವರು 1980ರಲ್ಲಿ ನಿರ್ದೇಶಕರ ಕುರ್ಚಿಯಲ್ಲಿ ಕುಳಿತರು. ಮೊದಲ ಚಿತ್ರ 'ಮಿಂಚಿನ ಓಟ'. ಕಾರು ಕಳ್ಳರ ಕಥೆ, ಜೈಲಿನಿಂದ ತಪ್ಪಿಸಿಕೊಳ್ಳುವ ಕಥೆ. ಬೆವರು, ಹೆದರಿಕೆ, ನಗು ಎಲ್ಲ ನಮ್ಮ ಬೀದಿಯವೇ. ಅದೇ ವರ್ಷ 'ಜನ್ಮ ಜನ್ಮದ ಅನುಬಂಧ'. ಅದು ಪುನರ್ಜನ್ಮದ ಕಥೆ, ಮೊದಲನೆಯದಕ್ಕೂ ಇದಕ್ಕೂ ಸಂಬಂಧವೇ ಇಲ್ಲ! 1981ರಲ್ಲಿ 'ಗೀತಾ'. ಪ್ರೇಮ, ಕಾಯಿಲೆ, ಸಾವು. ಇಳಯರಾಜರ ಸಂಗೀತ. ಅದರ ಹಾಡು ಇವತ್ತಿಗೂ ನಿಮ್ಮ ಮೊಬೈಲಿನಲ್ಲಿ ರಿಂಗ್‌ಟೋನು. 1983ರಲ್ಲಿ 'ಹೊಸ ತೀರ್ಪು'. 1985ರಲ್ಲಿ 'ಆಕ್ಸಿಡೆಂಟ್'. 1987ರಲ್ಲಿ ಡಾ. ರಾಜ್‌ಕುಮಾರ್ ಅವರೊಂದಿಗೆ 'ಒಂದು ಮುತ್ತಿನ ಕಥೆ'. ನಡುವೆ ದೂರದರ್ಶನಕ್ಕೆ 'ಮಾಲ್ಗುಡಿ ಡೇಸ್'. ಸಂಕೇತ್ ತಂಡದಲ್ಲಿ ನಾಟಕದ ಮೇಲೆ ನಾಟಕ. 'ನೋಡಿ ಸ್ವಾಮಿ ನಾವಿರೋದು ಹೀಗೆ' ಎಂದು ರಂಗದ ಮೇಲೂ ನಗಿಸಿದರು, ತೆರೆಯ ಮೇಲೂ ನಗಿಸಿದರು.

ಲೆಕ್ಕ ಹಾಕಿ. ಕಳ್ಳರ ಕಥೆ, ಪುನರ್ಜನ್ಮ, ಪ್ರೇಮ, ರಾಜಕೀಯ, ಕಡಲ ಕಥೆ, ಮಕ್ಕಳ ಲೋಕ, ನಗೆ. ಹತ್ತು ವರ್ಷದೊಳಗೆ ಒಬ್ಬ ಮನುಷ್ಯ ಕನ್ನಡದ ಕ್ಯಾಮೆರಾಕ್ಕೆ ಇಷ್ಟು ಬಗೆಯ ಕೆಲಸ ಕೊಟ್ಟ. ಕೇಸಿನ ಎಲ್ಲ ಮನೆಗೂ ಕೈ ಹಾಕಿದ. ಈಗ ನಿಮ್ಮ ಕಾಲ ನೋಡಿ. ಒಂದು 'ಕೆಜಿಎಫ್' ಗೆದ್ದಿತು, ಸಂತೋಷ. 2018ರಲ್ಲೂ ಗೆದ್ದಿತು, 2022ರಲ್ಲೂ ಗೆದ್ದಿತು. ಕನ್ನಡದ ಹೆಸರು ದೇಶ ಸುತ್ತಿತು, ಅದಕ್ಕೆ ನಾನೂ ಪಟಾಕಿ ಹಚ್ಚಿದವನೇ. ಅದರ ಹಿಂದೆ ಬಂದವರೇನು ಮಾಡಿದರು? ಅದೇ ಕಪ್ಪು, ಅದೇ ಮಸಿ, ಅದೇ ಗಡ್ಡ, ಅದೇ ಸುತ್ತಿಗೆ, ಅದೇ ಗುಡುಗಿನ ಮಾತು. ಆಗ ಒಬ್ಬ ನಿರ್ದೇಶಕ ಏಳು ಬಗೆಯ ಸಿನಿಮಾ ಮಾಡಿದ. ಈಗ ಎಪ್ಪತ್ತು ನಿರ್ದೇಶಕರು ಒಂದೇ ಬಗೆಯ ಸಿನಿಮಾ ಮಾಡಲು ಸಾಲಿನಲ್ಲಿ ನಿಂತಿದ್ದಾರೆ!

'ಆಕ್ಸಿಡೆಂಟ್' ನೋಡಿದ್ದೀರಾ?

ನೋಡಿಲ್ಲದಿದ್ದರೆ ಈ ಪತ್ರಿಕೆ ಮಡಚಿಟ್ಟು ಮೊದಲು ಅದನ್ನು ನೋಡಿ. ನಶೆಯಲ್ಲಿ ಕಾರು ಓಡಿಸುವ ದೊಡ್ಡ ಮನೆಯ ಹುಡುಗ. ಬೀದಿ ಬದಿಯಲ್ಲಿ ಮಲಗಿದ ಬಡವರ ಮೇಲೆ ಗಾಲಿ ಹರಿಯುತ್ತದೆ. ಅಪ್ಪ ರಾಜಕಾರಣಿ. ಕೇಸು ಮುಚ್ಚಲು ಏನೇನು ನಡೆಯಬೇಕೋ ಅದೆಲ್ಲ ನಡೆಯುತ್ತದೆ. ಆ ಅಪ್ಪನ ಪಾತ್ರ ಮಾಡಿದವರು ಶಂಕರ್ ಅವರ ಸ್ವಂತ ಅಣ್ಣ ಅನಂತ್‌ನಾಗ್. ಬೆನ್ನು ಹತ್ತುವ ಪತ್ರಕರ್ತನ ಪಾತ್ರ ಶಂಕರ್ ಅವರದು. ಸಾಮಾಜಿಕ ವಿಷಯದ ಚಿತ್ರವೆಂದು ಅದಕ್ಕೆ ರಾಷ್ಟ್ರ ಪ್ರಶಸ್ತಿ ಬಂತು.

ನಾಲ್ಕು ದಶಕ ಕಳೆಯಿತು. ಇವತ್ತಿನ ಪೇಪರು ತೆಗೆಯಿರಿ. ಕಾರು ಬದಲಾಗಿದೆ, ಕಥೆ ಬದಲಾಗಿಲ್ಲ. ಫುಟ್‌ಪಾತಿನಲ್ಲಿ ಮಲಗುವವರು ಇಂದೂ ನಮ್ಮ ಕಡೆಯಿಂದ ಬೆಂಗಳೂರಿಗೆ ಗುಳೆ ಹೋದವರೇ. ಇಂಥ ಸಿನಿಮಾ ಈಗ ಕನ್ನಡದಲ್ಲಿ ಎಷ್ಟು ಬರುತ್ತಿವೆ? ಬಂದರೂ ನೀವು ಮೊದಲ ವಾರ ಟಿಕೆಟ್ ತೆಗೆದುಕೊಳ್ಳುತ್ತೀರಾ, ಅಥವಾ ಥಿಯೇಟರಿನಿಂದ ಎತ್ತಿದ ಮೇಲೆ 'ಒಳ್ಳೆ ಸಿನಿಮಾಕ್ಕೆ ಕಾಲವಿಲ್ಲ' ಎಂದು ಸ್ಟೇಟಸ್ ಹಾಕುತ್ತೀರಾ?

"ಅಣ್ಣಾರ, ಮಾರ್ಕೆಟ್ ಸಣ್ಣದ್ರಿ, ಹೊಸದು ಮಾಡಿದ್ರ ರೊಕ್ಕ ಮುಳುಗತೈತ್ರಿ" ಎನ್ನುವವರಿಗೆ ಉತ್ತರ ಇಲ್ಲಿದೆ. 1980ರಲ್ಲಿ ಮಾರ್ಕೆಟ್ ಇನ್ನೂ ಸಣ್ಣದಿತ್ತು. ಒಟಿಟಿ ಇರಲಿಲ್ಲ, ಇಡೀ ದೇಶದಲ್ಲಿ ಒಂದೇ ದಿನ ಬಿಡುಗಡೆ ಇರಲಿಲ್ಲ. ಶಂಕರ್‌ನಾಗ್ ಏನು ಮಾಡಿದರು? ಹಗಲು ರಾತ್ರಿ ಬೇರೆಯವರ ಹೊಡೆದಾಟದ ಸಿನಿಮಾಗಳಲ್ಲಿ ನಟಿಸಿದರು. ಹನ್ನೆರಡು ವರ್ಷದಲ್ಲಿ ಎಂಬತ್ತಕ್ಕೂ ಮೇಲೆ ಚಿತ್ರ! ಜನ 'ಕರಾಟೆ ಕಿಂಗ್' ಎಂದು ಕರೆದರು. ಅಲ್ಲಿ ದುಡಿದದ್ದನ್ನು ನಾಟಕಕ್ಕೆ, ತಮ್ಮ ಸಿನಿಮಾಕ್ಕೆ ಸುರಿದರು. ಹಾಡಿನ ರೆಕಾರ್ಡಿಂಗಿಗೆ ಕನ್ನಡದವರು ಮದ್ರಾಸಿಗೆ ಓಡುತ್ತಿದ್ದ ಕಾಲದಲ್ಲಿ ಬೆಂಗಳೂರಿನಲ್ಲೇ ಸಂಕೇತ್ ಸ್ಟುಡಿಯೋ ಕಟ್ಟಿದರು. ಕನ್ನಡಕ್ಕೆ ಜೈ ಎನ್ನುವುದು ಬೇರೆ, ಕನ್ನಡಕ್ಕೊಂದು ರೆಕಾರ್ಡಿಂಗ್ ಕೋಣೆ ಕಟ್ಟುವುದು ಬೇರೆ. ಮೊದಲನೆಯದಕ್ಕೆ ಗಂಟಲು ಸಾಕು.

ಎಲ್ಲವೂ ಗೆದ್ದವು ಎಂದು ನಾನು ಸುಳ್ಳು ಹೇಳುವುದಿಲ್ಲ. 'ಹೊಸ ತೀರ್ಪು' ಹಿಂದಿಯ 'ದುಶ್ಮನ್' ಚಿತ್ರದ ರೀಮೇಕು. 'ಒಂದು ಮುತ್ತಿನ ಕಥೆ' ಜಾನ್ ಸ್ಟೈನ್‌ಬೆಕ್ ಎಂಬ ಅಮೆರಿಕದ ಲೇಖಕನ 'ದ ಪರ್ಲ್' ಕಾದಂಬರಿಯಿಂದ ಬಂದದ್ದು. ಮುತ್ತು ಹೆಕ್ಕುವ ಬಡವನಿಗೆ ದೊಡ್ಡ ಮುತ್ತು ಸಿಕ್ಕಿ, ಆ ಮುತ್ತೇ ಶನಿಯಾಗುವ ಕಥೆ. ನೀರೊಳಗಿನ ದೃಶ್ಯಗಳಿಗಾಗಿ ಮಾಲ್ಡೀವ್ಸ್‌ವರೆಗೆ ಹೋದರು. ರಾಜ್‌ಕುಮಾರ್ ಅವರ ಉಳಿದ ಸಿನಿಮಾಗಳಂತೆ ಅದು ಓಡಲಿಲ್ಲ. ಅಣ್ಣಾವ್ರನ್ನು ಅಂಥ ಪಾತ್ರದಲ್ಲಿ ನೋಡಲು ಜನ ತಯಾರಿರಲಿಲ್ಲ. ಆದರೂ ಮಾಡಿದರಲ್ಲ! ಗೆಲ್ಲುವ ಕುದುರೆಯ ಮೇಲೆ ಕುಳಿತವರು ಬೇಕೆಂದೇ ಇಳಿದು ನಡೆದರು. ಇವತ್ತು ಯಾವ ದೊಡ್ಡ ಸ್ಟಾರು, ಯಾವ ದೊಡ್ಡ ನಿರ್ದೇಶಕ ಆ ಧೈರ್ಯ ಮಾಡುತ್ತಾರೆ? ಮಾಡಿದರೆ ನೀವು ಬಿಡುತ್ತೀರಾ? ಸೋತ ದಿನವೇ ಟ್ರೋಲ್ ಮಾಡುವವರು ನೀವೇ ಅಲ್ಲವೇ?

ನಮ್ಮ ಆಗುಂಬೆ, ದಿಲ್ಲಿಯ ಹಿಂದಿ

ಈಗ ಹೊಟ್ಟೆಯೊಳಗಿನ ಮಾತಿಗೆ ಬರುತ್ತೇನೆ.

ಆಗ ನಾನು ಸಣ್ಣ ಹುಡುಗ. ಓಣಿಗೆ ಒಂದೇ ಕಪ್ಪು-ಬಿಳುಪು ಟಿವಿ. ಇಪ್ಪತ್ತು ಮೂವತ್ತು ಜನ ನೆಲದ ಮೇಲೆ ಕುಳಿತು 'ಮಾಲ್ಗುಡಿ ಡೇಸ್' ನೋಡುತ್ತಿದ್ದೆವು. ತೆರೆಯ ಮೇಲೆ ಮಲೆನಾಡಿನ ಹಂಚಿನ ಮನೆ, ಮಳೆ, ಅಂಗಳ, ನಮ್ಮಂಥದೇ ಶಾಲೆ, ನನ್ನಂಥದೇ ಹುಡುಗ. ಹುಡುಗ ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್. ಅಪ್ಪನಾಗಿ ಗಿರೀಶ್ ಕಾರ್ನಾಡ್. ಅವ್ವನಾಗಿ ವೈಶಾಲಿ ಕಾಸರವಳ್ಳಿ. ಮುಖ ಎಲ್ಲ ನಮ್ಮವು. ಬಾಯಿ ತೆರೆದರೆ ಹಿಂದಿ!

ನಮ್ಮಜ್ಜಿ ಒಂದು ದಿನ ಕೇಳಿದಳು, "ಮಾರಿ ನೋಡಿದ್ರ ನಮ್ಮ ಮಂದಿ ಕಂಡಂಗ ಕಾಣ್ತಾರ, ಮಾತ್ಯಾಕ ಹಿಂಗ ಆಡ್ತಾರೋ?"

ನನಗೆ ಉತ್ತರ ಗೊತ್ತಿರಲಿಲ್ಲ. ದೊಡ್ಡವರು "ಸುಮ್ಕಿರಬೇ, ಟೀವಿ ಅಂದ್ರ ಹಂಗ" ಎಂದರು. ಟಿವಿ ಎಂದರೆ ಹಾಗೆಯೇ ಎಂದು ನಾವು ಒಪ್ಪಿಕೊಂಡೆವು ನೋಡಿ, ಅಲ್ಲೇ ನಾವು ಸೋತದ್ದು.

ಉತ್ತರ ಈಗ ಗೊತ್ತಿದೆ. ಕಥೆ ಬರೆದ ಆರ್.ಕೆ. ನಾರಾಯಣ್ ಮೈಸೂರಿನಲ್ಲಿ ಬಾಳಿದವರು, ಬರೆದದ್ದು ಇಂಗ್ಲಿಷಿನಲ್ಲಿ. ಚಿತ್ರ ಬರೆದ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಮೈಸೂರಿನಲ್ಲಿ ಹುಟ್ಟಿದವರು. ನಿರ್ಮಾಪಕ ಟಿ.ಎಸ್. ನರಸಿಂಹನ್. ನಿರ್ದೇಶಕ ಕನ್ನಡಿಗ. ಚಿತ್ರೀಕರಣ ತೀರ್ಥಹಳ್ಳಿ ತಾಲೂಕಿನ ಆಗುಂಬೆಯಲ್ಲಿ. ನಟರಲ್ಲಿ ಬಹುಪಾಲು ಕನ್ನಡ ರಂಗಭೂಮಿಯವರು. ಎಲ್ಲ ಇತ್ತು. ಇಡೀ ದೇಶ ನೋಡುವ ಹೊತ್ತಿನ ಗಡಿಯಾರ ಮಾತ್ರ ದಿಲ್ಲಿಯ ಕೈಯಲ್ಲಿತ್ತು. 1982ರಿಂದ ದೂರದರ್ಶನ ರಾಷ್ಟ್ರೀಯ ಕಾರ್ಯಕ್ರಮ ಎಂದು ಶುರು ಮಾಡಿತು. ರಾಷ್ಟ್ರೀಯ ಎಂದರೆ ಹಿಂದಿ, ಇಂಗ್ಲಿಷು. ಕನ್ನಡ ಪ್ರಾದೇಶಿಕ! ಒಬ್ಬ ಕನ್ನಡಿಗ ತನ್ನ ಜೀವಮಾನದ ದೊಡ್ಡ ಕೆಲಸವನ್ನು, ಮೊದಲ ಮೂವತ್ತೊಂಬತ್ತು ಕಂತುಗಳ ಆ ಕೆಲಸವನ್ನು, ಕನ್ನಡದ ನೆಲದ ಮೇಲೆ ನಿಂತು ಕನ್ನಡದಲ್ಲಿ ಮಾಡಲು ಆಗಲಿಲ್ಲ. ಇದು ಶಂಕರ್‌ನಾಗ್ ತಪ್ಪಲ್ಲ. ಸಿಕ್ಕ ಗಡಿಯಾರದಲ್ಲಿ ಅವರು ಚಿನ್ನ ಮಾಡಿದರು. ತಪ್ಪು ದಿಲ್ಲಿಯದು. ಅದಕ್ಕಿಂತ ದೊಡ್ಡ ತಪ್ಪು, ಕೇಳದೆ ಕುಳಿತ ನಮ್ಮದು.

ಆಮೇಲಾದರೂ ಅದನ್ನು ಕನ್ನಡದಲ್ಲಿ ನೋಡಬಹುದಿತ್ತಲ್ಲ? ಇಲ್ಲಿ ನಮ್ಮವರಿಗೇ ಸಿಟ್ಟು ಬರುವ ಮಾತು ಹೇಳುತ್ತೇನೆ. 1960ರ ದಶಕದಲ್ಲಿ ಡಬ್ಬಿಂಗ್ ಬೇಡ ಎಂದು ನಮ್ಮ ಹಿರಿಯರು ಹೋರಾಡಿದರು. ಆಗ ಕನ್ನಡ ಸಿನಿಮಾ ಇನ್ನೂ ಮದ್ರಾಸಿನ ಸ್ಟುಡಿಯೋಗಳ ನೆರಳಿನಲ್ಲಿತ್ತು. ನಮ್ಮ ಕಲಾವಿದರಿಗೆ, ಕೆಲಸಗಾರರಿಗೆ ಅನ್ನ ಬೇಕಿತ್ತು. ಆ ಹೋರಾಟ ನ್ಯಾಯವಾದದ್ದು. ಆದರೆ ಆಗುಂಬೆಯಲ್ಲಿ, ನಮ್ಮದೇ ನಟರು, ನಮ್ಮದೇ ನಿರ್ದೇಶಕನ ಕೈಯಲ್ಲಿ ಮಾಡಿದ ಮಾಲ್ಗುಡಿಗೂ ಅದೇ ಬಾಗಿಲು ಹಾಕಿ ಕುಳಿತೆವಲ್ಲ, ಅದು ಯಾವ ನ್ಯಾಯ? ಡಬ್ಬಿಂಗ್ ತಡೆಯುವುದು ತಪ್ಪು ಎಂದು ಸ್ಪರ್ಧಾ ಆಯೋಗ ಹೇಳಿದ್ದು 2015ರಲ್ಲಿ. ಮಾಲ್ಗುಡಿ ಕನ್ನಡದ ಮಾತು ಹಚ್ಚಿಕೊಂಡು ನಮ್ಮ ಟಿವಿಗೆ ಬಂದದ್ದು 2020ರ ಲಾಕ್‌ಡೌನಿನಲ್ಲಿ. ಮೂವತ್ತಮೂರು ವರ್ಷ! ಅಷ್ಟರಲ್ಲಿ ನಮ್ಮಜ್ಜಿ ಮಣ್ಣಾಗಿದ್ದಳು. ಅವಳ ಪ್ರಶ್ನೆಗೆ ಉತ್ತರ ಬಂದಾಗ ಕೇಳಲು ಅವಳಿರಲಿಲ್ಲ.

ಅದೇ 2020ರಲ್ಲಿ, ಚಿತ್ರೀಕರಣ ನಡೆದ ಅರಸಾಳು ರೈಲು ನಿಲ್ದಾಣದಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯ ಆಯಿತು. ಒಳ್ಳೆಯದೇ. ಹೋಗಿ, ಸೆಲ್ಫಿ ತೆಗೆದುಕೊಳ್ಳಿ. ಸೆಲ್ಫಿ ತೆಗೆಯುವಾಗ ಒಂದು ಪ್ರಶ್ನೆ ಕೇಳಿಕೊಳ್ಳಿ. ನಾಳೆ ಇನ್ನೊಬ್ಬ ಶಂಕರ್‌ನಾಗ್ ಬಂದರೆ, ಅವನಿಗೆ ದುಡ್ಡು ಕೊಡುವವನು ಯಾವ ಭಾಷೆಯಲ್ಲಿ ಮಾಡು ಎನ್ನುತ್ತಾನೆ? ಈಗ ಗಡಿಯಾರ ದಿಲ್ಲಿಯಿಂದ ಮುಂಬೈಯ ಒಟಿಟಿ ಕಚೇರಿಗಳಿಗೆ ಹೋಗಿದೆ. ಕನ್ನಡ ಸಿನಿಮಾ ಕೊಳ್ಳಲು ಅವರು ಮೂಗು ಮುರಿಯುತ್ತಾರೆ ಎಂದು ನಮ್ಮ ನಿರ್ಮಾಪಕರೇ ಗೋಳಾಡುತ್ತಿದ್ದಾರೆ. ನೀವು ಅದೇ ಒಟಿಟಿಗೆ ತಿಂಗಳು ತಿಂಗಳು ಹಣ ಕಟ್ಟುವ ಗಿರಾಕಿಗಳು. ಒಮ್ಮೆಯಾದರೂ 'ಕನ್ನಡ ಎಲ್ಲಿ' ಎಂದು ಬರೆದು ಕೇಳಿದ್ದೀರಾ?

ನಮ್ಮ ಕಡೆ ಬರುತ್ತಿದ್ದ ಗಾಡಿ

1990ರ ಸೆಪ್ಟೆಂಬರ್ 30. ದಾವಣಗೆರೆ ಹತ್ತಿರದ ಆನಗೋಡು. ಹೆದ್ದಾರಿಯ ಅಪಘಾತದಲ್ಲಿ ಶಂಕರ್‌ನಾಗ್ ಹೋದರು. ವಯಸ್ಸು 36 ಕೂಡ ತುಂಬಿರಲಿಲ್ಲ. ಇಷ್ಟು ನಿಮಗೆ ಗೊತ್ತು, ಪೋಸ್ಟರಿನ ಕೆಳಗೆ ನಾನೇ ಅಚ್ಚು ಹಾಕಿದ್ದೇನೆ. ಅವರು ಎಲ್ಲಿಗೆ ಹೊರಟಿದ್ದರು ಗೊತ್ತೇ?

ಲೋಕಾಪುರಕ್ಕೆ. ಅಂದಿನ ವಿಜಾಪುರ ಜಿಲ್ಲೆ, ಇಂದಿನ ಬಾಗಲಕೋಟೆ ಜಿಲ್ಲೆ. 'ಜೋಕುಮಾರಸ್ವಾಮಿ'ಯ ಚಿತ್ರೀಕರಣಕ್ಕೆ. ಚಂದ್ರಶೇಖರ ಕಂಬಾರರ ನಾಟಕ ಅದು. ಉಳುವವನ ಹೊಲದ ಕಥೆ, ನಮ್ಮ ಉತ್ತರ ಕರ್ನಾಟಕದ ಮಾತಿನ ಕಥೆ. ಜೋಕುಮಾರನನ್ನು ಬುಟ್ಟಿಯಲ್ಲಿಟ್ಟುಕೊಂಡು ಹೆಂಗಸರು ಹಾಡುತ್ತಾ ಮನೆಮನೆಗೆ ಬರುವುದನ್ನು ನೋಡುತ್ತಲೇ ಬೆಳೆದವರು ನಾವು. ಆ ಮಾತು, ಆ ಹಾಡು ತೆರೆಯ ಮೇಲೆ ಬರುವುದಿತ್ತು. ನಮ್ಮ ಭಾಷೆ ಸಿನಿಮಾದಲ್ಲಿ ಯಾವಾಗ ಬರುತ್ತದೆ ಹೇಳಿ? ಹಾಸ್ಯದವನಿಗೆ, ಪೆದ್ದನಿಗೆ, ಬೈಗುಳಕ್ಕೆ. ಥಿಯೇಟರಿನಲ್ಲಿ ನೀವು ನಗುತ್ತೀರಿ, ನಾವೂ ನಿಮ್ಮ ಜೊತೆ ಪೆದ್ದರ ಹಾಗೆ ನಗುತ್ತೇವೆ. ಕೇಸಿನಲ್ಲಿ ದೂಳು ಹಿಡಿದು ಕುಳಿತ ನಮ್ಮ ಮೊಳೆಗಳಿಗೂ ಕೆಲಸ ಸಿಗುವ ಹೊತ್ತಿನಲ್ಲಿ ಆ ಗಾಡಿ ಅರ್ಧ ದಾರಿಯಲ್ಲಿ ನಿಂತಿತು. ಅಲ್ಲಿಂದ ಅದನ್ನು ಮುಂದೆ ತಳ್ಳುವವರು ಬೇಕು. ಹಾರ ಹಾಕುವವರು ಬೇಕಾದಷ್ಟಿದ್ದಾರೆ.

ಮುಂದೆ ತಳ್ಳಿದವರ ಉದಾಹರಣೆಯೂ ಕಣ್ಣ ಮುಂದಿದೆ. ಅರುಂಧತಿ ನಾಗ್ ಅಳುತ್ತಾ ಕೂರಲಿಲ್ಲ. ಹಟ ಹಿಡಿದು, ಕೈ ಚಾಚಿ, 2004ರಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ 'ರಂಗಶಂಕರ' ಎಂಬ ನಾಟಕದ ಮನೆ ಎಬ್ಬಿಸಿದರು. ಅಲ್ಲಿ ಇಂದಿಗೂ ನಾಟಕ ನಡೆಯುತ್ತಿದೆ. ಶಂಕರ್ ಹೆಸರಿಗೆ ಸಿಕ್ಕ ನಿಜವಾದ ಮರ್ಯಾದೆ ಅದು. ಬೆಂಗಳೂರಿನಲ್ಲಿರುವ ಹುಡುಗರೇ, ಅದರ ಬಾಗಿಲು ಎಷ್ಟು ಸಲ ದಾಟಿದ್ದೀರಿ?

ಈ ನವೆಂಬರಿಗೆ ಒಂದು ಕೆಲಸ

ಭಾಷಣ ಸಾಕು. ಹೇಳಿದ್ದನ್ನೇ ಹೇಳಿದರೆ ನಾನೂ ನಿಮ್ಮ ಪೋಸ್ಟರೇ ಆಗುತ್ತೇನೆ.

ನಿಮ್ಮ ಸಂಘ ಈ ಸಲ ಶಂಕರಣ್ಣನ ಹುಟ್ಟುಹಬ್ಬಕ್ಕೆ ಕಟೌಟು ನಿಲ್ಲಿಸಬೇಡಿ. ಹಾಲಿನ ಅಭಿಷೇಕ ಮಾಡಬೇಡಿ, ಆ ಹಾಲು ಅಂಗನವಾಡಿಗೆ ಕೊಡಿ. ನಿಮ್ಮ ಬಡಾವಣೆಯಲ್ಲಿ, ಇಲ್ಲವೇ ನಿಮ್ಮ ಹುಟ್ಟೂರಿನ ಶಾಲೆಯ ಅಂಗಳದಲ್ಲಿ, ಹಕ್ಕುದಾರರನ್ನು ಕೇಳಿ ಅಪ್ಪಣೆ ಪಡೆದು, 'ಮಿಂಚಿನ ಓಟ' ಅಥವಾ 'ಆಕ್ಸಿಡೆಂಟ್' ತೋರಿಸಿ. ಮುಗಿದ ಮೇಲೆ ಅರ್ಧ ಗಂಟೆ ಕುಳಿತು ಮಾತಾಡಿ. ನಿಮ್ಮಲ್ಲಿ ಯಾರಿಗಾದರೂ ಕ್ಯಾಮೆರಾ ಹಿಡಿಯುವ ಹುಚ್ಚಿದ್ದರೆ, ಬೆನ್ನು ತಟ್ಟಿ, ನಾಲ್ಕು ಕಾಸು ಕೂಡಿಸಿ ಕೊಡಿ. ಅವನೋ ಅವಳೋ ಮೊದಲು ಕಳ್ಳರ ಕಥೆ ಮಾಡಲಿ, ಆಮೇಲೆ ಪ್ರೇಮ ಮಾಡಲಿ, ಆಮೇಲೆ ಸೋಲಲಿ, ಆಮೇಲೆ ಮತ್ತೊಂದು ಮಾಡಲಿ. ಕಲಿಯಲು ಮರಾಠಿಗಾದರೂ ಹೋಗಲಿ, ತಮಿಳಿಗಾದರೂ ಹೋಗಲಿ, ಅಮೆರಿಕಕ್ಕಾದರೂ ಹೋಗಲಿ. ಶಂಕರ್‌ನಾಗ್ ಹೋಗಿರಲಿಲ್ಲವೇ? ಕಲಿತದ್ದನ್ನು ತಂದು ಕನ್ನಡದ ಕೇಸಿಗೆ ಹಾಕಲಿ. ಸರ್ಕಾರಕ್ಕೂ, ಚಲನಚಿತ್ರ ಅಕಾಡೆಮಿಗೂ ಬರೆದು ಕೇಳಿ. ಶಂಕರ್‌ನಾಗ್ ನಿರ್ದೇಶಿಸಿದ ಚಿತ್ರಗಳ ಒಳ್ಳೆಯ ಪ್ರತಿ ನಮ್ಮ ಪ್ರತಿ ತಾಲೂಕಿನ ಕಾಲೇಜಿಗೆ ಬರಲಿ ಎಂದು ಹಟ ಹಿಡಿಯಿರಿ.

ನನ್ನ ಪಾಲು ಇದು. ಕಲಘಟಗಿ ತಾಲೂಕಿನಲ್ಲಿ ಯಾವ ಸಂಘವೇ ಆಗಲಿ, ಶಂಕರ್‌ನಾಗ್ ನಿರ್ದೇಶಿಸಿದ ಒಂದು ಸಿನಿಮಾ ಊರವರಿಗೆ ತೋರಿಸುವುದಾದರೆ, ಅದರ ಹ್ಯಾಂಡ್‌ಬಿಲ್ ಸಾವಿರ ಪ್ರತಿ ನಾನು ಪುಕ್ಕಟೆ ಹಾಕಿಕೊಡುತ್ತೇನೆ. ಕಾಗದವೂ ನನ್ನದೇ, ಮಸಿಯೂ ನನ್ನದೇ. ಬರೀ ಫೋಟೋ ಹಾಕಿ 'ಜೈ ಶಂಕ್ರಣ್ಣ' ಎಂಬ ಪೋಸ್ಟರಿಗೆ ಈ ವರ್ಷದಿಂದ ನನ್ನ ಮಷೀನು ತಿರುಗುವುದಿಲ್ಲ. ಗಿರಾಕಿ ಹೋದರೆ ಹೋಗಲಿ.

ಬರುವವರು ಮ್ಯಾಟರ್ ಬರೆದುಕೊಂಡು ಬನ್ನಿ. ಶುಭಾಶಯದಲ್ಲಿ ಎರಡೂ ಅಕ್ಷರ 'ಶ' ಕುಟುಂಬದವೇ, 'ಷ' ಅಲ್ಲ ಎಂಬುದು ನೆನಪಿರಲಿ. ಮರೆತರೂ ಪರವಾಗಿಲ್ಲ, ಪ್ರೂಫ್ ನಾನೇ ತಿದ್ದುತ್ತೇನೆ. ಸಿನಿಮಾ ಮಾತ್ರ ನೀವೇ ನೋಡಬೇಕು, ನೀವೇ ಮಾಡಬೇಕು.

ಸಿರಿಗನ್ನಡಂ ಗೆಲ್ಗೆ!